ತಲೆದೆಸೆಯ ಒಂದು ಹಿಡಿ ಹತ್ತಿ

ಮಂಡಿಪೇಟೆಯ ಆ ಓಣಿಯಲ್ಲಿ ನಾನು ಕ್ಯಾಮೆರಾ ನಿಲ್ಲಿಸಿದ ಮೊದಲ ವಾರದಲ್ಲೇ ಜನ ನನಗೆ ಬೇಕಾದಷ್ಟು ನೌಕರಿ ಕೊಟ್ಟಿದ್ದರು. ಹಗ್ಗ, ಗೋಣಿಚೀಲದ ಸಗಟು ಅಂಗಡಿಯ ಸಾವ್ಕಾರರ ಲೆಕ್ಕದಲ್ಲಿ ನಾನು ರಸ್ತೆ ಅಗಲ ಮಾಡುವವರ ಕಡೆಯವಳು. ಬೆಲ್ಲದ ಅಂಗಡಿಯವರಿಗೆ ತೆರಿಗೆ ಇಲಾಖೆಯವಳು. ಚಹಾದಂಗಡಿಯವನಂತೂ, ‘ಟಿವಿಯೋರು ಕಣ್ರಿ, ಯಾರನ್ನೋ ಹಿಡಿಯಾಕೆ ಕುಂತಾರೆ’ ಎಂದು ಬಂದವರಿಗೆಲ್ಲ ಚಹಾದ ಜೊತೆ ಹಂಚುತ್ತಿದ್ದ. ಟ್ರೈಪಾಡನ್ನು ಸಂಜೆ ಅವನ ಅಂಗಡಿಯಲ್ಲೇ ಬಿಟ್ಟು ಹೋಗುತ್ತಿದ್ದೆ. ಒಂದು ಶನಿವಾರ ಬೆಳಿಗ್ಗೆ ಬಂದು ನೋಡಿದರೆ ಅದರ ಕಾಲಿಗೆ ಯಾರೋ ನಿಂಬೆಹಣ್ಣು, ಹಸಿ ಮೆಣಸಿನಕಾಯಿ ಕಟ್ಟಿದ್ದಾರೆ! ಅಂಗಡಿಗೆ ದೃಷ್ಟಿ ತಾಗದಿರಲಿ ಎಂದು ಕಟ್ಟುವುದನ್ನು ಕಂಡಿದ್ದೇನೆ. ದೃಷ್ಟಿ ಹಾಕುವವಳಿಗೇ ಕಟ್ಟಿದ್ದನ್ನು ಕಂಡಿರಲಿಲ್ಲ. ಮೈಯೆಲ್ಲ ಉರಿದುಹೋಯಿತು. ಕಿತ್ತು ಬಿಸಾಡಬೇಕು ಎಂದುಕೊಂಡವಳು, ಕಟ್ಟಿದವರು ಎಲ್ಲೋ ನಿಂತು ನೋಡುತ್ತಿರಬಹುದು ಎಂಬ ಗುಮಾನಿಯಿಂದ ಹಾಗೇ ಬಿಟ್ಟೆ.

ನಾನು ಚಿತ್ರ ಬರೆಯುವವಳು. ಬಣ್ಣ, ಬ್ರಶ್ಶುಗಳಿಂದ ಕ್ಯಾಮೆರಾಕ್ಕೆ ಬಂದದ್ದು ನಡುವಯಸ್ಸಿನಲ್ಲಿ. ನಾನು ಮಾಡುವ ಸಿನಿಮಾದಲ್ಲಿ ಕತೆ ಇಲ್ಲ, ಹಾಡಿಲ್ಲ, ಯಾರನ್ನೂ ಮಾತಾಡಿಸುವುದಿಲ್ಲ. ಓಣಿಯ ಒಂದು ತುಂಡನ್ನು ಆರಿಸಿಕೊಂಡು ಕ್ಯಾಮೆರಾ ನಿಲ್ಲಿಸುತ್ತೇನೆ. ಅಲ್ಲಿ ದಿನವಿಡೀ ಏನು ನಡೆಯುತ್ತದೋ ಅದು ಸಿನಿಮಾ. ದೊಡ್ಡ ಊರುಗಳಲ್ಲಿ ಇಂಥವನ್ನು ಬಿಳಿ ಗೋಡೆಯ ಮೇಲೆ ಬೆಳಕು ಬಿಟ್ಟು ತೋರಿಸುತ್ತಾರೆ, ಜನ ನಿಂತು ನೋಡಿ ಹೋಗುತ್ತಾರೆ. ನಮ್ಮ ಅವ್ವನಿಗೆ ಮಾತ್ರ ಇದು ನಿತ್ಯದ ತಮಾಷೆಯಾಗಿತ್ತು.

‘ಏನಾತೆ ಇವತ್ತು ನಿನ್ನ ಸಿನಿಮಾದಾಗೆ?’

‘ಏನೂ ಆಗಲಿಲ್ಲವ್ವ.’

‘ಹಂಗಾದ್ರೆ ಚಲೋ ಬಂದೈತೆ ಬಿಡು.’

ಈ ಕೆಲಸಕ್ಕೆ ನನ್ನದೇ ಕೆಲವು ಕಟ್ಟುಪಾಡುಗಳಿದ್ದವು. ಬೆಳಿಗ್ಗೆ ಇಟ್ಟ ಚೌಕಟ್ಟನ್ನು ಸಂಜೆಯವರೆಗೆ ಅಲುಗಿಸುವುದಿಲ್ಲ. ಕ್ಯಾಮೆರಾದ ಹಿಂದೆ ನಿಲ್ಲುವುದಿಲ್ಲ. ನಾವು ಕಣ್ಣಿಟ್ಟು ನೋಡುತ್ತಿದ್ದರೆ ಜನ ಮದುವೆ ಫೋಟೋಕ್ಕೆ ನಿಂತವರ ಹಾಗೆ ಸೆಟೆದುಕೊಳ್ಳುತ್ತಾರೆ. ಎದುರಿಗಿದ್ದ, ಬಾಗಿಲು ಹಾಕಿದ ಅಂಗಡಿಯ ಮೆಟ್ಟಿಲ ಮೇಲೆ ಮುಖ ತಿರುಗಿಸಿ ಕೂತು ಮಂಡಕ್ಕಿ ತಿನ್ನುತ್ತಿದ್ದೆ. ಇನ್ನೊಂದು, ತೆಗೆದದ್ದನ್ನು ಕತ್ತರಿಸಿ ಜೋಡಿಸುವ ಮೊದಲು ಯಾರಿಗೂ ತೋರಿಸುವುದಿಲ್ಲ. ಎಷ್ಟೇ ದೊಡ್ಡವರು ಕೇಳಲಿ.

ಓಣಿಯಲ್ಲಿ ನನ್ನನ್ನು ಏನೂ ಕೇಳದೆ ಇದ್ದವರು ಒಬ್ಬರೇ, ಗಾದಿ ಚಾಚಾ. ಸಾವ್ಕಾರರ ಅಂಗಡಿಯ ಮುಂದಿನ ಕಟ್ಟೆಯ ಮೇಲೆ ಹಳೇ ಗಾದಿ ಬಿಚ್ಚಿ, ಹತ್ತಿ ಹಿಂಜಿ, ಹೊಸ ಬಟ್ಟೆಗೆ ತುಂಬಿ ಹೊಲಿದು ಕೊಡುವವರು. ಅವರಪ್ಪನೂ ಅದೇ ಕಟ್ಟೆಯ ಮೇಲೆ ಅದೇ ಕೆಲಸ ಮಾಡಿದವರು. ನನ್ನ ಚೌಕಟ್ಟಿನ ನಟ್ಟನಡುವೆ ಅವರೇ ಇದ್ದರು. ‘ಏನು ತೆಗಿತೀರಿ, ಯಾಕೆ ತೆಗಿತೀರಿ’ ಎಂದು ಒಂದು ದಿನವೂ ಕೇಳಲಿಲ್ಲ. ಬಂದರೆ ‘ಬರ್ರಿ ಅಕ್ಕಾರ’, ಹೊರಟರೆ ‘ಹೊಂಟ್ರೇನ್ರಿ’, ಅಷ್ಟೇ. ಏನೂ ಕೇಳದವರ ಮೇಲೆ ನನಗೆ ಮೊದಲಿಂದಲೂ ಅನುಮಾನ. ಕೇಳುವವರು ಹೆದರಿದ್ದಾರೆ ಎಂದು ಗೊತ್ತಾಗುತ್ತದೆ. ಕೇಳದವರ ಹೊಟ್ಟೆಯಲ್ಲಿ ಏನಿದೆಯೋ ಯಾರಿಗೆ ಗೊತ್ತು?

ಹಳೇ ಗಾದಿಯೊಳಗೆ ಏನೇನೋ ಇರುತ್ತದೆ. ಪಿನ್ನು, ಗುಂಡಿ, ಮಕ್ಕಳ ಬೆಳ್ಳಿ ಗೆಜ್ಜೆಯ ಮಣಿ, ಒಮ್ಮೊಮ್ಮೆ ಮೂಗುತಿ. ಬಿಚ್ಚುವಾಗ ಸಿಕ್ಕಿದ್ದನ್ನೆಲ್ಲ ಚಾಚಾ ಕಟ್ಟೆಯ ಅಂಚಿನಲ್ಲಿಟ್ಟ ಅಲ್ಯೂಮಿನಿಯಂ ತಟ್ಟೆಗೆ ಹಾಕುತ್ತಿದ್ದರು, ಗಾದಿಯವರು ಬಂದಾಗ ತಟ್ಟೆ ಮುಂದೆ ಸರಿಸುತ್ತಿದ್ದರು. ಅವರ ಹತ್ತಿರ ಅಂಗಡಿ ಇಲ್ಲ, ಬೋರ್ಡು ಇಲ್ಲ, ಕಟ್ಟೆಗೆ ಕಾಗದ ಪತ್ರ ಇಲ್ಲ. ಈ ತಟ್ಟೆಯ ಮೇಲಿನ ನಂಬಿಕೆಯಿಂದಲೇ ಅರ್ಧ ದಾವಣಗೆರೆ ತನ್ನ ಹಾಸಿಗೆ ತಂದು ಅವರ ಮುಂದೆ ಹಾಕಿ, ಹಿಂತಿರುಗಿ ನೋಡದೆ ಹೋಗುತ್ತಿತ್ತು. ಆ ನಂಬಿಕೆ ಹೋದರೆ ಅನ್ನವೂ ಹೋದ ಹಾಗೇ.

ಒಂದು ಬೆಳಿಗ್ಗೆ ಒಬ್ಬ ಹೆಂಗಸು ಆಟೋದಲ್ಲಿ ಗಾದಿ ತಂದು ಇಳಿಸಿದಳು. ಸುಮಾರು ನನ್ನದೇ ವಯಸ್ಸು, ಜೋರು ದನಿ.

‘ಅಟ್ಟದ ಮೇಲೆ ಇತ್ತು ನೋಡ್ರಿ, ಬೀಗರು ಬಂದ್ರೆ ಹಾಸೋ ಗಾದಿ. ಕೊಕ್ಕನೂರು ಹೊಲದ ಹತ್ತಿ, ಈಗ ಎಲ್ಲಿ ಸಿಗ್ತೈತೆ? ಮಗಳ ಮದುವಿ ಐತೆ. ಇದನ್ನೇ ಹಿಂಜಿ, ಹೊಸ ಬಟ್ಟೆ ಹಾಕಿ ಕೊಡ್ರಿ, ಅವಳ ಜೊತೆ ಕಳ್ಸೋದು.’

ಚಾಚಾ ‘ಆತು ತಾಯಿ’ ಎಂದರು. ನಾನು ಮಂಡಕ್ಕಿ ತಿನ್ನುತ್ತಿದ್ದೆ. ಹೊಸ ಗಾದಿ ಸಿದ್ಧವಾಯಿತು, ಆಕೆ ಬಂದು ಒಯ್ದಳು, ನಾನು ಮರೆತೂಬಿಟ್ಟೆ.

ಮುಂದಿನ ವಾರ ಆಕೆ ಮತ್ತೆ ಬಂದಳು, ಓಣಿಯ ತುದಿಯಿಂದಲೇ ಕೂಗುತ್ತ. ಲಗ್ನಪತ್ರಿಕೆ ಕೊಡಲು ಊರಿಗೆ ಹೋದಾಗ ಸಂಬಂಧದ ಒಬ್ಬ ಮುದುಕಿ ಹೇಳಿದಳಂತೆ: ನಿಮ್ಮವ್ವ ತನ್ನ ಬೆಂಡೋಲೆ ಆ ಬೀಗರ ಗಾದಿಯೊಳಗೆ ಹೊಲಿದು ಇಡುತ್ತಿದ್ದಳು, ನೋಡಿದಿರಾ ಎಂದು. ಅವ್ವ ತೀರಿಕೊಂಡು ವರ್ಷವಾಗಿಲ್ಲ. ಮನೆಯಲ್ಲಿ ಎಲ್ಲ ಹುಡುಕಿದರೂ ಬೆಂಡೋಲೆ ಸಿಕ್ಕಿರಲಿಲ್ಲವಂತೆ.

‘ಬಂಗಾರದ ಬೆಂಡೋಲೆ! ಎಲ್ಲಿ ಅದಾವ ಹೇಳ್ರಿ! ಹರಿಹರದಾಗೆ ನನ್ನ ತಂಗಿ ಅದಾಳೆ, ಗುಡಿ ಹಿಂದೆ ಬಟ್ಟೆ ಹೊಲ್ಕೊಂಡು ತಿಂತಾಳೆ. ನಾಳೆ ಆಕಿ ಕೇಳಿದ್ರೆ ನಾನೇನು ಹೇಳ್ಲಿ? ನಾನೇ ನುಂಗಿದೆ ಅಂತಾಳೆ!’

‘ತಟ್ಟ್ಯಾಗೆ ಇದ್ದಿದ್ದು ಎರಡು ಪಿನ್ನು ತಾಯಿ. ನಿಮ್ಮ ಕೈಯಾಗೇ ಕೊಟ್ಟೆ’ ಎಂದರು ಚಾಚಾ.

ಜನ ಸೇರಿದರು. ಜನ ಸೇರುವುದು ಎಷ್ಟು ಹೊತ್ತಿನ ಕೆಲಸ? ‘ಈ ಕಾಲದಾಗೆ ಯಾರನ್ನ ನಂಬಾದು’ ಎಂದು ಒಬ್ಬ, ‘ಇವ್ರೆಲ್ಲ ಹಿಂಗೇ’ ಎಂದು ಇನ್ನೊಬ್ಬ. ಆ ‘ಇವ್ರೆಲ್ಲ’ ಎಂಬ ಮಾತು ಕೇಳಿ ನನಗೆ ತಡೆಯಲಾಗಲಿಲ್ಲ. ‘ಯಾರು ಇವ್ರೆಲ್ಲ? ಬಾಯಿ ಇದೆ ಅಂತ ಏನಾದರೂ ಆಡಬೇಡಿ’ ಎಂದು ರೇಗಿದೆ. ರೇಗಿದ್ದೇ ತಪ್ಪಾಯಿತು. ಎಲ್ಲರೂ ನನ್ನ ಕಡೆ ತಿರುಗಿದರು.

ಸಾವ್ಕಾರರು ಹೇಳಿದರು, ‘ಅಲ್ರಿ, ಜಗಳ ಯಾಕ? ಮೇಡಂ ಎಲ್ಲ ಹಿಡಿದಾರಲ್ಲ. ಆವತ್ತಿಂದು ನೋಡಿಬಿಟ್ರೆ ಮುಗೀತು.’

‘ನಾನು ಯಾರಿಗೂ ತೋರಿಸುವುದಿಲ್ಲ. ಅದು ಹಾಗೆ ನೋಡೋಕೆ ಇರುವುದಲ್ಲ.’

‘ಹೌದೌದು, ಇಬ್ರೂ ಒಂದೇ ಗಾಡಿ ಎತ್ತು’ ಎಂದಳು ಆಕೆ.

ಆಗ ಚಾಚಾ ನನ್ನ ಹತ್ತಿರ ಬಂದು ಮೆಲ್ಲಗೆ, ‘ತೋರ್ಸ್ರಿ ಅಕ್ಕಾರ. ನಂದೇನೈತೆ ಅದ್ರಾಗೆ ಹೆದರಾಕೆ’ ಎಂದರು. ಅವರೇ ಹೇಳಿದ ಮೇಲೆ ನನ್ನ ಕಟ್ಟುಪಾಡಿಗೆ ಏನು ಬೆಲೆ?

ಸಾವ್ಕಾರರ ಅಂಗಡಿಯಲ್ಲಿ ಗೋಣಿಚೀಲದ ಗಂಟಿನ ಮೇಲೆ ಲ್ಯಾಪ್‌ಟಾಪ್ ಇಟ್ಟೆ. ನಾನೂ ಆ ದಿನದ್ದನ್ನು ನೋಡುತ್ತಿದ್ದದ್ದು ಅದೇ ಮೊದಲು. ಆಟೋ ಬಂತು. ಗಾದಿ ಇಳಿಯಿತು. ಆಕೆ ಹೋದಳು. ಚಾಚಾ ತಲೆದೆಸೆಯ ಹೊಲಿಗೆ ಬಿಚ್ಚಿ ಒಳಗೆ ಕೈ ಹಾಕಿದರು, ಸ್ವಲ್ಪ ಹೊತ್ತು ತಡಕಿದರು. ಕೈ ಹೊರಗೆ ಬಂದಾಗ ಮುಷ್ಟಿ ಬಿಗಿಯಾಗಿ ಕಟ್ಟಿತ್ತು. ಎದ್ದರು. ಒಂದು ಸಲ ಅತ್ತಿತ್ತ ನೋಡಿ, ಎಡಕ್ಕೆ ನಡೆದು ಚೌಕಟ್ಟಿನಿಂದ ಆಚೆ ಹೋದರು. ಖಾಲಿ ಕಟ್ಟೆ, ಬಿಚ್ಚಿದ ಗಾದಿ. ಮತ್ತೆ ಬಂದಾಗ ಕೈ ಝಾಡಿಸಿಕೊಂಡು ಕೂತರು.

ನಾನು ಚಿತ್ರವನ್ನು ಅಲ್ಲೇ ನಿಲ್ಲಿಸಿದೆ.

‘ಏನದು ಚಾಚಾ?’ ಕೇಳಿದವಳು ನಾನೇ.

‘ಹತ್ತಿ.’

‘ಹತ್ತಿ ಆದ್ರೆ ಮುಷ್ಟಿ ಯಾಕ ಕಟ್ಟಿದ್ರಿ? ಎಲ್ಲಿಗೆ ಹೋದ್ರಿ?’ ಎಂದರು ಸಾವ್ಕಾರರು.

ಚಾಚಾ ಆಕೆಯ ಮುಖ ನೋಡಿದರು, ನನ್ನ ಮುಖ ನೋಡಿದರು. ‘ಹತ್ತಿನೇ ಸಾವ್ಕಾರ್ರೆ’ ಎಂದರು, ಅಷ್ಟೇ.

ಆಕೆ ಪೊಲೀಸ್ ಸ್ಟೇಷನ್ನಿಗೆ ಹೋಗುತ್ತೇನೆ ಎಂದಳು. ಮದುವೆ ಮನೆ, ಸ್ಟೇಷನ್ ಮೆಟ್ಟಿಲು ಬೇಡ ಎಂದು ಸಾವ್ಕಾರರು ಸಮಾಧಾನ ಮಾಡಿದರು. ಆಮೇಲೆ ಚಾಚಾಗೆ, ‘ಇದು ಇತ್ಯರ್ಥ ಆಗೋಮಟ ಕಟ್ಟೆ ಮ್ಯಾಲೆ ಕೂಡಬ್ಯಾಡ್ರಿ. ನಮ್ಮ ಅಂಗಡಿ ಹೆಸರೂ ನೋಡಬೇಕಲ್ರಿ’ ಎಂದರು. ಚಾಚಾ ದಬ್ಬಣ, ದಾರ, ಹತ್ತಿ ಬಡಿಯುವ ಕೋಲು ಎಲ್ಲ ಒಂದು ಬಟ್ಟೆಯಲ್ಲಿ ಕಟ್ಟಿಕೊಂಡರು. ತಟ್ಟೆಯನ್ನು ಮಾತ್ರ ಕಟ್ಟೆಯ ಮೇಲೆಯೇ ಮರೆತುಹೋದರು.

ನನಗೆ ಎಂಥ ಸಿಟ್ಟು ಬಂತೆಂದರೆ, ಅದು ಯಾರ ಮೇಲೆ ಎಂದು ಮನೆಗೆ ಬರುವವರೆಗೂ ಗೊತ್ತಾಗಲಿಲ್ಲ. ಅವ್ವ ಊಟಕ್ಕೆ ಕರೆದರೂ ಹೋಗದೆ ಹಿಂದಿನ ದಿನಗಳದ್ದನ್ನೆಲ್ಲ ತೆಗೆದು ನೋಡತೊಡಗಿದೆ. ನೋಡಬಾರದಿತ್ತು. ಬೇರೆ ಬೇರೆ ದಿನ, ಬೇರೆ ಬೇರೆ ಗಾದಿ, ಅದೇ ಮುಷ್ಟಿ! ಎಲ್ಲ ಗಾದಿಗೂ ಅಲ್ಲ, ಕೆಲವಕ್ಕೆ ಮಾತ್ರ. ತಲೆದೆಸೆಗೆ ಕೈ ಹಾಕುವುದು, ಮುಷ್ಟಿ ಕಟ್ಟುವುದು, ಎಡಕ್ಕೆ ಹೋಗುವುದು, ಖಾಲಿ ಕೈಯಲ್ಲಿ ಬರುವುದು. ಅಯ್ಯೋ ಶಿವನೇ, ನಾನು ಬೆನ್ನು ಹಾಕಿ ಮಂಡಕ್ಕಿ ತಿನ್ನುತ್ತಿದ್ದಾಗ ಇದೆಲ್ಲ ನಡೆದಿದೆ. ಆ ತಟ್ಟೆ ಬರೀ ನಾಟಕವೋ? ಪಿನ್ನು, ಗುಂಡಿಗಳನ್ನು ತಟ್ಟೆಗೆ ಹಾಕಿ ಬಂಗಾರವನ್ನು ಎಡಕ್ಕೆ ಸಾಗಿಸುತ್ತಿದ್ದರೋ? ‘ಬರ್ರಿ ಅಕ್ಕಾರ’ ಎನ್ನುವ ಆ ದನಿಯ ಮೇಲೂ ಗುಮಾನಿ ಹುಟ್ಟಿತು.

ಮರುದಿನ ಕ್ಯಾಮೆರಾ ಬಿಟ್ಟು ಬರಿಗೈಯಲ್ಲಿ ಓಣಿಗೆ ಹೋದೆ. ಇಷ್ಟು ದಿನದಲ್ಲಿ ನನ್ನ ಕ್ಯಾಮೆರಾವಾಗಲಿ ನಾನಾಗಲಿ ಒಮ್ಮೆಯೂ ನೋಡದ ಜಾಗಕ್ಕೆ, ಕಟ್ಟೆಯ ಎಡಕ್ಕೆ. ಸಾವ್ಕಾರರ ಅಂಗಡಿಗೂ ಪಕ್ಕದ ಗೋದಾಮಿಗೂ ನಡುವೆ ಒಬ್ಬರು ಅಡ್ಡ ತಿರುಗಿ ಹೋಗುವಷ್ಟು ಸಂದಿ. ಒಳಗಿನ ಕಲ್ಲುಗೋಡೆಯಲ್ಲಿ ಎದೆಯೆತ್ತರಕ್ಕೆ, ಹಿಂದೆ ಯಾವ ಕಾಲದಲ್ಲೋ ದೀಪ ಇಡುತ್ತಿದ್ದ ಮಾಡು. ಅದರ ತುಂಬ ಹತ್ತಿ ತುರುಕಿತ್ತು. ಒಂದು ಅಳಿಲು ಬಾಯಿತುಂಬ ಕಚ್ಚಿಕೊಂಡು ನನ್ನನ್ನು ಕಂಡು ಓಡಿತು.

ಕೈ ಹಾಕಿ ಎಲ್ಲವನ್ನೂ ಎಳೆದು ಹಾಕಿದೆ. ಹಳದಿ ತಿರುಗಿದ್ದು, ಬೂದಿ ಬಣ್ಣದ್ದು, ಎಣ್ಣೆಜಿಡ್ಡು ಹಿಡಿದದ್ದು. ಕೊನೆಯ ಎಳೆಯವರೆಗೂ ಬೆರಳಲ್ಲಿ ಹಿಸುಕಿ ನೋಡಿದೆ. ಹತ್ತಿಯಲ್ಲದೆ ಬೇರೆ ಏನೂ ಇರಲಿಲ್ಲ.

‘ನೀವೇನು ಹುಡುಕ್ತೀರಿ ಅಲ್ಲಿ?’ ಹಿಂದೆ ಚಹಾದಂಗಡಿಯವನು ನಿಂತಿದ್ದ. ಮೈತುಂಬ ಹತ್ತಿ ಮೆತ್ತಿಕೊಂಡು ನಿಂತಿದ್ದ ನಾನು ಏನು ಹೇಳಲಿ? ‘ಏನಿಲ್ಲ, ಹತ್ತಿ’ ಎಂದೆ. ಅವನು ನಂಬಲಿಲ್ಲ.

ಅಲ್ಲಿಂದ ನೇರ ಚಾಚಾ ಮನೆಗೆ ಹೋದೆ. ಬಾಗಿಲಲ್ಲೇ ಕೂತಿದ್ದರು. ‘ಸಂದಿ ನೋಡಿದೆ’ ಎಂದೆ. ಅವರು ಒಳಗೆ ಕರೆದು ಕೂಡಿಸಿ, ಬಾಗಿಲು ಮುಂದೆ ಮಾಡಿ ಹೇಳಿದರು.

‘ಸತ್ತೋರು ಮಲಗಿದ್ದ ಗಾದಿ ಬಂದ್ರೆ ತಲೆ ಕೆಳಗಿನ ಮೊದಲ ಹಿಡಿ ಹತ್ತಿ ತೆಗೆದು ಬ್ಯಾರೆ ಇಡ್ತೀವ್ರಿ. ನಮ್ಮಪ್ಪ ಮಾಡ್ತಿದ್ರು, ನಾನೂ ಮಾಡ್ತೀನಿ. ಅವರ ನಿದ್ದಿ ಅವರಿಗಿರ್ಲಿ, ಇದ್ದೋರಿಗೆ ಹೊದ್ದಿಸೋದು ಬ್ಯಾಡ ಅಂತ. ಮಾತಾಡದೆ ತೆಗೀಬೇಕು, ಯಾರಿಗೂ ತೋರ್ಸಬಾರ್ದು.’

‘ಆದರೆ ಆಕೆ ಬೀಗರ ಗಾದಿ ಅಂದಳಲ್ಲ?’

‘ತಲೆ ಕಡೆ ಔಷಧಿ ವಾಸನಿ ಇತ್ರಿ. ಮೈ ಇದ್ದ ಜಾಗ ಕುಣಿ ಬಿದ್ದಿತ್ತು. ಬೀಗರು ಅಷ್ಟು ದಿನ ಮಲಗ್ತಾರೇನು?’ ಎಂದು ಸ್ವಲ್ಪ ನಕ್ಕರು. ‘ಎಲ್ಲರೂ ಹಂಗೇ ಹೇಳ್ತಾರೆ. ಸತ್ತೋರ ಹಾಸಿಗಿ ಮನ್ಯಾಗೆ ಇಟ್ಕೊಂಡ್ರೆ ಆಡ್ಕೋತಾರಲ್ರಿ.’

‘ನಿನ್ನೆ ಇದನ್ನೇ ಹೇಳಬಹುದಿತ್ತಲ್ಲ!’

‘ಹೆಂಗೆ ಹೇಳ್ಲಿ ಅಕ್ಕಾರ? ಆ ಗಾದಿ ಮದುವಿ ಹುಡುಗಿ ಜೊತಿ ಹೋಗಾದು. ಅಜ್ಜಿ ಸತ್ತ ಹಾಸಿಗಿ ಕೊಟ್ಟು ಕಳ್ಸ್ಯಾರೆ ಅಂತ ಬೀಗರಿಗೆ ಗೊತ್ತಾದ್ರೆ ಆ ಕೂಸಿನ ಗತಿ ಏನು?’

ಮುಖ ನೋಡದ ಒಬ್ಬ ಹುಡುಗಿಗಾಗಿ ಈ ಮನುಷ್ಯ ಕಳ್ಳ ಅನ್ನಿಸಿಕೊಂಡು ಮನೆಯಲ್ಲಿ ಕೂತಿದ್ದಾರೆ. ನಿಜ ಹೇಳುತ್ತೇನೆ, ಆಗಲೂ ನನ್ನೊಳಗೆ ಒಂದು ಹುಳ ಕೊರೆಯುತ್ತಿತ್ತು: ಇದೂ ಒಂದು ಕತೆಯಾಗಿದ್ದರೆ? ಒಮ್ಮೆ ಹತ್ತಿದ ಗುಮಾನಿ ಅಷ್ಟು ಸುಲಭಕ್ಕೆ ಬಿಡುವುದಿಲ್ಲ.

ಮನೆಗೆ ಬಂದು ಆ ದಿನದ ಚಿತ್ರವನ್ನು ಮತ್ತೆ ಹಾಕಿದೆ. ಈ ಸಲ ಚಾಚಾರ ಕೈ ನೋಡಬಾರದು, ಗಾದಿಯನ್ನು ಮಾತ್ರ ನೋಡಬೇಕು ಎಂದುಕೊಂಡೆ. ಆಟೋದಿಂದ ಇಳಿಸುವಾಗಲೇ ಕಂಡಿತು. ಮಾಸಿದ ಗಾದಿ, ಮಾಸಿದ ಬಿಳಿ ದಾರದ ಹೊಲಿಗೆ. ಕಾಲ್ದೆಸೆಯ ಒಂದು ಮೂಲೆಯಲ್ಲಿ ಮಾತ್ರ ಗೇಣುದ್ದ ಗಿಳಿಹಸಿರು ದಾರ. ಬಣ್ಣದೊಂದಿಗೇ ಬದುಕಿದವಳು ನಾನು, ಇದನ್ನು ಹೇಗೆ ಬಿಟ್ಟೆ? ಥೂ! ಎಲ್ಲರ ಜೊತೆ ಸೇರಿ ಮುಷ್ಟಿಯನ್ನೇ ನೋಡುತ್ತ ಕೂತಿದ್ದೆ. ಗಾದಿ ಮಂಡಿಪೇಟೆಗೆ ಬರುವ ಮೊದಲೇ ಯಾರೋ ಬಿಚ್ಚಿ ಹೊಲಿದಿದ್ದಾರೆ. ಯಾರು? ನನ್ನ ಅನುಮಾನ ನೇರ ಆ ಜೋರು ದನಿಯವಳ ಮೇಲೆ ಹೋಯಿತು. ತಾನೇ ತೆಗೆದುಕೊಂಡು, ತಂಗಿಗೆ ಹೇಳಲು ಒಬ್ಬ ಕಳ್ಳನನ್ನು ಹುಡುಕುತ್ತಿದ್ದಾಳೆ. ತಂಗಿಯನ್ನು ಕಂಡರೆ ಬಯಲಾಗುತ್ತದೆ ಎಂದು ಲ್ಯಾಪ್‌ಟಾಪ್ ಚೀಲಕ್ಕೆ ಹಾಕಿಕೊಂಡು ಹರಿಹರದ ಬಸ್ಸು ಹತ್ತಿದೆ.

ಗುಡಿಯ ಹಿಂದಿನ ಓಣಿಯಲ್ಲಿ ಹೊಲಿಗೆ ಮಿಷನ್ನಿನ ಸದ್ದು ಹಿಡಿದು ಹೋದರೆ ಮನೆ ಸಿಕ್ಕಿತು. ಸೀರೆಗೆ ಫಾಲ್ ಹಚ್ಚಿಸಬೇಕು ಎಂದು ಸುಳ್ಳು ಹೇಳಿ ಒಳಗೆ ಕೂತೆ. ತಂಗಿ ಅಕ್ಕನ ಹಾಗಲ್ಲ, ಸಣ್ಣ ದನಿ, ಸಣ್ಣ ಮೈ. ನನ್ನ ಕೈಯಲ್ಲಿ ಸೀರೆ ಇಲ್ಲದ್ದನ್ನು ಆಕೆ ಕೂಡಲೇ ಗಮನಿಸಿದಳು.

‘ನಮ್ಮಕ್ಕ ಕಳ್ಸ್ಯಾಳೇನ್ರಿ ನಿಮ್ಮನ್ನ?’

ಆ ಪ್ರಶ್ನೆ ಕೇಳಿ, ಮಿಷನ್ನಿನ ಪಕ್ಕದ ಡಬ್ಬಿಯಲ್ಲಿ ಬಣ್ಣಬಣ್ಣದ ದಾರದ ಉಂಡೆಗಳನ್ನು ಕಂಡು, ನನ್ನ ಅನುಮಾನ ಮಗುಚಿ ಬಿತ್ತು. ಲ್ಯಾಪ್‌ಟಾಪ್ ತೆಗೆದು ಚಿತ್ರ ನಿಲ್ಲಿಸಿ, ಹಸಿರು ಮೂಲೆಯನ್ನು ದೊಡ್ಡದು ಮಾಡಿ ಮುಂದಿಟ್ಟೆ. ಆಕೆಯ ಕಾಲು ತುಳಿಯುವುದನ್ನು ನಿಲ್ಲಿಸಿತು.

‘ಅವ್ವನೇ ಕೊಟ್ಟಿದ್ದು’ ಎಂದಳು. ‘ಕೊನೀ ದಿನದಾಗೆ ನೋಡ್ಕೊಳ್ಳಾಕೆ ಹೋಗಿದ್ದೆ. ಅಕ್ಕ ಸಂತಿಗೆ ಹೋಗಿದ್ಲು. ನಿನ್ನ ಮದುವ್ಯಾಗೆ ಏನೂ ಹಾಕಲಿಲ್ಲ, ಇವನ್ನ ತಗೊಂಡು ಹೋಗು, ಈಗ ಹೇಳಬ್ಯಾಡ ಅಂದ್ಲು. ಚೀಲದಾಗೆ ಇದ್ದ ದಾರದಾಗೆ ಹೊಲ್ದೆ. ಈಗ ಹೇಳಿದ್ರೆ ಅಕ್ಕ ಕದ್ದೆ ಅಂತಾಳೆ. ಸತ್ತೋಳು ಬಂದು ಸಾಕ್ಷಿ ಹೇಳ್ತಾಳೇನ್ರಿ?’

‘ಅಕ್ಕ ಯಾರನ್ನು ಹಿಡಿದುಕೊಂಡಿದ್ದಾಳೆ ಗೊತ್ತೇ?’

‘ಗಾದಿ ಮಾಡೋರನ್ನ ಅಂತ ಫೋನಿನಾಗೆ ಹೇಳಿದ್ಲು. ಯಾರೋ ಏನೋ, ನಾಲ್ಕು ದಿನ ಮಾತಾಡ್ತಾರೆ, ಮರೀತಾರೆ ಅನ್ಕೊಂಡೆ.’

‘ಮರೆಯುತ್ತಾರಾ? ಏನು ಮಾತಾಡುತ್ತೀಯಮ್ಮ? ಅಲ್ಲಿ ಒಬ್ಬರ ಅನ್ನ ಹೋಗಿದೆ! ನಿನ್ನ ಅಕ್ಕನ ಮಗಳ ಮರ್ಯಾದೆ ಉಳಿಸೋಕೆ ಬಾಯಿ ಹೊಲಿದುಕೊಂಡು ಕೂತಿದ್ದಾರೆ. ಆ ಗಾದಿ ಯಾರದು ಅಂತ ಅವರಿಗೆ ಗೊತ್ತು. ಬೀಗರಿಗೆ ತಿಳಿದರೆ ಹುಡುಗಿಯ ಗತಿ ಏನು ಅಂತ ಹೆದರಿ ಹೇಳಲಿಲ್ಲ.’ ನನ್ನ ದನಿ ಬೀದಿಗೆ ಕೇಳುತ್ತಿತ್ತು, ಕೇಳಲಿ ಎಂದುಕೊಂಡೆ.

ತಂಗಿ ಬೆಪ್ಪಾಗಿ ನನ್ನನ್ನೇ ನೋಡಿದಳು. ‘ಅಜ್ಜಿ ಹಾಸಿಗೆ ಹತ್ತೀನೇ ಬೇಕು ಅಂತ ಹಟ ಹಿಡಿದಿದ್ದೇ ಆ ಹುಡುಗಿ. ಅಜ್ಜಿ ಮಗ್ಗಲಾಗೆ ಮಲಗಿ ಬೆಳೆದಾಕಿ. ಅಳಿಯಗೂ ಹೇಳಿ ಇಟ್ಟಾಳೆ. ಮುಚ್ಚಿಟ್ಟಾಕಿ ನಮ್ಮಕ್ಕ ಒಬ್ಬಾಕಿನೇ.’

ನಗಬೇಕೋ ತಲೆ ಚಚ್ಚಿಕೊಳ್ಳಬೇಕೋ ತಿಳಿಯಲಿಲ್ಲ. ‘ನಾಳೆ ಬಾ’ ಎಂದಷ್ಟೇ ಹೇಳಿ ಎದ್ದೆ. ಬರುತ್ತಾಳೆಂದು ನಂಬಿಕೆ ಇರಲಿಲ್ಲ.

ಬಂದಳು. ಬೆಂಡೋಲೆಗಳನ್ನು ಕಿವಿಗೆ ಹಾಕಿಕೊಂಡೇ ಬಂದು, ಸಾವ್ಕಾರರ ಕಟ್ಟೆಯ ಮೇಲೆ ಕೂತು, ಅಕ್ಕನಿಗೆ ಫೋನು ಮಾಡಿ ಕರೆಸಿದಳು. ಅಕ್ಕ ಓಣಿಗೆ ಕಾಲಿಟ್ಟವಳು ತಂಗಿಯ ಕಿವಿ ನೋಡಿ ನಿಂತುಬಿಟ್ಟಳು. ‘ಅವ್ವ ಕೊಟ್ಲು. ನಿಂಗೆ ಹೆದರಿ ಹೇಳಲಿಲ್ಲ’ ಎಂದಳು ತಂಗಿ, ಎಲ್ಲರೆದುರು. ಅಕ್ಕ ‘ನಂಗೆ ಹೆದರ್ತಿದ್ದೇನು ನೀನು?’ ಎಂದು ಕೇಳಿ ಅಳತೊಡಗಿದಳು. ಸಾವ್ಕಾರರು ಚಾಚಾರಿಗೆ ಹೇಳಿ ಕಳಿಸಿದರು. ಅವರು ಬಂದಾಗ ಅಕ್ಕ ಸೆರಗಿನಲ್ಲಿ ಮುಖ ಒರೆಸಿಕೊಂಡು, ‘ತಪ್ಪು ತಿಳ್ಕೋಬ್ಯಾಡ್ರಿ’ ಎಂದಳು. ಗಾದಿ ಯಾರದೆಂದು ಅಲ್ಲಿ ಯಾರೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ.

‘ಎಲ್ಲ ಸರಿ ಹೋತಲ್ರಿ’ ಎಂದರು ಸಾವ್ಕಾರರು. ‘ನಾಳಿಂದ ಕೂಡ್ರಿ.’

ಚಾಚಾ ಕೂತರು. ಗಾದಿಗಳು ಮತ್ತೆ ಬರತೊಡಗಿದವು. ಆದರೆ ತಂದವರು ಹಾಕಿ ಹೋಗುತ್ತಿರಲಿಲ್ಲ, ಬಿಚ್ಚುವವರೆಗೂ ಅಲ್ಲೇ ಸುಳಿದಾಡುತ್ತಿದ್ದರು. ನನ್ನ ಕ್ಯಾಮೆರಾಕ್ಕೆ ಓಣಿಯಲ್ಲಿ ಏಕಾಏಕಿ ಗೌರವ ಬಂತು. ‘ಮೇಡಂ, ನಮ್ಮ ಅಂಗಡಿ ಕಡೀನೂ ಸ್ವಲ್ಪ ತಿರುಗ್ಸ್ರಿ’ ಎಂದು ಬೆಲ್ಲದವರು. ‘ನಿನ್ನೆ ಒಂದು ಗಂಟು ಕಮ್ಮಿ ಬಂದೈತೆ, ನೋಡಿ ಹೇಳ್ರಿ’ ಎಂದು ಸಾವ್ಕಾರರು. ನಿಂಬೆಹಣ್ಣು ಕಟ್ಟಿದ ಜನವೇ ಈಗ ನನ್ನನ್ನು ಓಣಿಯ ಕಾವಲಿಗೆ ಹಚ್ಚಿದ್ದರು. ನಾನು ‘ಹೋಗ್ರಿ ಅತ್ಲಾಗೆ’ ಎಂದು ಬೈಯುತ್ತಿದ್ದೆ.

ಎಲ್ಲಕ್ಕಿಂತ ಕೆಟ್ಟದ್ದು ಚಾಚಾ. ಅಷ್ಟು ದಿನ ಕ್ಯಾಮೆರಾ ಅಲ್ಲಿದೆ ಎಂಬುದನ್ನೇ ಮರೆತಂತಿದ್ದ ಮನುಷ್ಯ, ಈಗ ಅದು ಶುರುವಾಗುವವರೆಗೆ ಗಾದಿ ಮುಟ್ಟುತ್ತಿರಲಿಲ್ಲ. ‘ಹಚ್ರಿ ಅಕ್ಕಾರ, ಆಮ್ಯಾಲೆ ಬಿಚ್ತೀನಿ’ ಎನ್ನುತ್ತಿದ್ದರು. ಕೆಂಪು ದೀಪ ಹತ್ತಿದ ಮೇಲೆ ಎರಡೂ ಅಂಗೈ ಬಿಡಿಸಿ ಕ್ಯಾಮೆರಾದ ಮುಂದೆ ಹಿಡಿಯುತ್ತಿದ್ದರು, ಹಿಂದೆ ಮುಂದೆ ತಿರುಗಿಸಿ. ನಾನು ಎಷ್ಟು ಬೇಡಿಕೊಂಡರೂ ಬಿಡಲಿಲ್ಲ. ಎಡಕ್ಕೆ ಎದ್ದು ಹೋಗುವುದು ನಿಂತೇಹೋಯಿತು. ನಾನು ಸಂದಿಯಲ್ಲಿ ಎಳೆದು ಹಾಕಿದ್ದ ಹತ್ತಿಯನ್ನೂ ಅಳಿಲುಗಳು ಖಾಲಿ ಮಾಡಿದವು. ನಾನು ಆ ಓಣಿಗೆ ಹೋಗುವುದನ್ನು ಬಿಟ್ಟೆ.

ಮತ್ತೆ ಹೋದದ್ದು ಅವ್ವ ತೀರಿಕೊಂಡ ಮೇಲೆ. ಅವಳ ಗಾದಿಯನ್ನು ಬಿಸಾಡಿ ಎಂದು ಎಲ್ಲರೂ ಹೇಳಿದರು. ನಾನು ಆಟೋದಲ್ಲಿ ಹಾಕಿಕೊಂಡು ಮಂಡಿಪೇಟೆಗೆ ಒಯ್ದೆ. ‘ಅವ್ವನದು ಚಾಚಾ. ಇದರ ಮೇಲೇ ಹೋದಳು’ ಎಂದೆ, ಓಣಿಗೆಲ್ಲ ಕೇಳುವ ಹಾಗೆ. ಚಾಚಾ ಗಾದಿಯ ಮೇಲೆ ಮೆಲ್ಲಗೆ ಕೈಯಾಡಿಸಿದರು. ಆಮೇಲೆ ಕೇಳಿದರು, ‘ಕ್ಯಾಮೆರಾ ತಂದೀರೇನ್ರಿ?’

‘ಇವತ್ತು ಯಾಕೆ ಚಾಚಾ?’

‘ಇರ್ಲಿ ಬಿಡ್ರಿ. ಹಚ್ರಿ.’

ಚೀಲದಲ್ಲಿ ಇತ್ತು. ಹಚ್ಚಿದೆ. ಅವರು ಅಂಗೈಗಳನ್ನು ಎತ್ತಿ ತೋರಿಸಿದರು, ಹಿಂದೆ ಕ್ಯಾಮೆರಾಕ್ಕೆ ತೋರಿಸುತ್ತಿದ್ದ ಹಾಗೆ ಈಗ ನನಗೂ ತೋರಿಸಿದರು. ನಾನು ಹೂಂ ಎನ್ನುವವರೆಗೂ ಕೈ ಇಳಿಸಲಿಲ್ಲ. ತಲೆದೆಸೆಯ ಹೊಲಿಗೆ ಬಿಚ್ಚಿದರು. ನಾನು ಕಾದೆ. ಅವರು ಹಾಗೇ ಮುಂದಿನ ಹೊಲಿಗೆಗೆ ಹೋದರು.

‘ಚಾಚಾ, ಅವ್ವನ ಹಿಡಿ ತೆಗೆಯುವುದಿಲ್ಲವಾ?’

ಅವರು ತಲೆ ಎತ್ತಲಿಲ್ಲ. ‘ನೀವೇ ತೆಗೀರಿ ಅಕ್ಕಾರ. ನನ್ನ ಕೈ ಖಾಲಿ ಇರ್ಲಿ.’

ಬಾಗಿ ಒಳಗೆ ಕೈ ಹಾಕಿದೆ. ಅವ್ವನ ತಲೆಗೆ ಹಚ್ಚುತ್ತಿದ್ದ ಎಣ್ಣೆಯ ವಾಸನೆ. ಒಂದು ಹಿಡಿ ತೆಗೆದುಕೊಂಡು, ಮಾತಾಡದೆ, ಸಂದಿಯ ಮಾಡಿನಲ್ಲಿಟ್ಟು ಬಂದೆ.

ಸಂಜೆ ಮನೆಯಲ್ಲಿ ಅದನ್ನು ಹಾಕಿ ನೋಡಿದೆ. ಒಬ್ಬ ಹೆಂಗಸು ಗಾದಿಯೊಳಗೆ ಕೈ ಹಾಕಿ ತಡಕುತ್ತಾಳೆ, ಮುಷ್ಟಿ ಬಿಗಿಹಿಡಿಯುತ್ತಾಳೆ, ಅತ್ತಿತ್ತ ನೋಡುತ್ತಾಳೆ, ಎದ್ದು ಎಡಕ್ಕೆ ನಡೆದು ಮರೆಯಾಗುತ್ತಾಳೆ. ತಿರುಗಿ ಬಂದಾಗ ಕೈ ಝಾಡಿಸಿಕೊಳ್ಳುತ್ತಾಳೆ. ಯಾರಿಗೆ ತೋರಿಸಿದರೂ ಇವಳು ಏನೋ ಕದ್ದಳು ಎಂದೇ ಹೇಳುತ್ತಾರೆ.